ನಾವು ಯಾವ ಕಾನೂನಿನವರು?

ಧ್ಯಾನಭಾಗ: ಅರಣ್ಯಕಾಂಡ 27: 1–11, ಲೂಕ 12: 13–15

ಬೆಂಗಳೂರಿನ ಬಡಗಣ ಭಾಗದಲ್ಲಿ ಹೆಬ್ಬಾಳಕ್ಕೆ ಸಮೀಪವಾಗಿ ಸಂಜಯನಗರವೆಂಬ ಬಡಾವಣೆಯಿದೆ. ಅದರ ಸುತ್ತಲಿನ ಭೂಪಸಂದ್ರ, ಗೆದ್ದಲಹಳ್ಳಿ, ನಾಗಶೆಟ್ಟಿಹಳ್ಳಿ ಎಂಬ ಹೆಸರುಗಳೇ ಇವು ಹಿಂದೆ ಹಳ್ಳಿಗಳಾಗಿದ್ದವೆಂಬದಕ್ಕೆ ಸಾಕ್ಷಿಯಾಗಿವೆ. ಹೊಲಗಳೆಲ್ಲ ಹೋಗಿ ನಿವೇಶನಗಳಾದವು. ಬದುವಿನ ಒಂದು ಮೊಳಕ್ಕಾಗಿ ಜಗಳವಾಡಿದವರ ಮೊಮ್ಮಕ್ಕಳು ಈಗ ಅಡಿಯ ಲೆಕ್ಕದಲ್ಲಿ ಜಗಳವಾಡುತ್ತಾರೆ. ಈ ಬಡಾವಣೆಯಲ್ಲಿ ಕೂಡಿಬರುವ ಒಂದು ಚಿಕ್ಕ ಸಭೆಯ ಸೇವೆಯು ನಮ್ಮ ಪಾಲಿಗೆ ಬಂದಿರುತ್ತದೆ.

ಕಳೆದ ಮಳೆಗಾಲದಲ್ಲಿ ನಮ್ಮ ಸಭೆಯ ಒಬ್ಬ ಹಿರಿಯರು ಕರ್ತನಲ್ಲಿ ನಿದ್ರೆಹೋದರು. ಮೂವತ್ತು ನಲವತ್ತರ ನಿವೇಶನದಲ್ಲಿ ತಾವೇ ದುಡಿದು ಕಟ್ಟಿದ ಒಂದು ಮನೆ ಅವರದಾಗಿತ್ತು. ಮರಣಪತ್ರವನ್ನು ಬರೆದಿಟ್ಟಿರಲಿಲ್ಲ. ಅವರ ಹೆಂಡತಿಯೂ ಇಬ್ಬರು ಗಂಡುಮಕ್ಕಳೂ ಯಲಹಂಕಕ್ಕೆ ಕೊಟ್ಟಿರುವ ಒಬ್ಬ ಹೆಣ್ಣುಮಗಳೂ ಉಳಿದರು. ನಲವತ್ತು ದಿನಗಳು ಕಳೆದ ಮೇಲೆ ಒಂದು ಸಾಯಂಕಾಲ ಪ್ರಾರ್ಥನೆ ಮುಗಿದ ತರುವಾಯ ಹಿರಿಯ ಮಗನು ನಮ್ಮ ಬಳಿಗೆ ಬಂದು ಮಡಿಸಿದ ಒಂದು ಕಾಗದವನ್ನು ಕೈಯಲ್ಲಿಟ್ಟನು. ಅದು ಹಕ್ಕು ಬಿಡುಗಡೆ ಪತ್ರವಾಗಿತ್ತು.

"ಅಯ್ಯನವರೇ, ನಮ್ಮ ತಂಗಿ ನಿಮ್ಮ ಮಾತನ್ನು ಮೀರುವವಳಲ್ಲ. ಮದುವೆಯಲ್ಲಿ ಅವಳಿಗೆ ಒಡವೆ ಹಾಕಿ ಕಳುಹಿಸಿದ್ದೇವೆ. ಕೊಟ್ಟ ಹೆಣ್ಣಿಗೆ ಮತ್ತೆ ಪಾಲು ಕೊಡುವದು ನಮ್ಮ ಹಿರಿಯರ ಕಟ್ಟಳೆಯಲ್ಲ. ನೀವು ಒಂದು ಮಾತು ಹೇಳಿ ಇದಕ್ಕೆ ರುಜು ಹಾಕಿಸಿಕೊಡಬೇಕು" ಎಂದನು.

ಅವನು ಕೆಟ್ಟವನಲ್ಲ. ತಂದೆಯ ಕಾಯಿಲೆಯಲ್ಲಿ ರಾತ್ರಿಗಳನ್ನು ಆಸ್ಪತ್ರೆಯ ನೆಲದ ಮೇಲೆ ಕಳೆದ ಮಗನು. ಆದರೂ ಆ ಕಾಗದವು ನಮ್ಮ ಕೈಯಲ್ಲಿ ಭಾರವಾಯಿತು. ಅದಕ್ಕೆ ಕಾರಣವನ್ನು ಮುಂದೆ ಅರಿಕೆಮಾಡುವೆವು. "ಹಿರಿಯರ ಕಟ್ಟಳೆ" ಎಂಬ ಆ ಮಾತನ್ನೇ ಹಿಡಿದು, ಕಟ್ಟಳೆಯು ಎಲ್ಲಿಂದ ಹುಟ್ಟುತ್ತದೆ, ಅದಕ್ಕೆ ಅರ್ಥ ಹೇಳುವವರು ಯಾರು, ನಾವು ಯಾವ ಕಟ್ಟಳೆಗೆ ಒಳಪಟ್ಟವರು ಎಂಬ ಮೂರು ಸಂಗತಿಗಳನ್ನು ಈ ತಿಂಗಳು ನಿಮ್ಮ ಸಂಗಡ ಆಲೋಚಿಸಬೇಕೆಂದಿದ್ದೇವೆ.

ಮೊದಲನೆಯದಾಗಿ, ಕಟ್ಟಳೆಯು ಎಲ್ಲಿಂದ ಹುಟ್ಟುತ್ತದೆ?

ನಮ್ಮ ಭಾಷೆಯಲ್ಲಿ ಇದಕ್ಕೆ ಹಲವು ಶಬ್ದಗಳಿವೆ. ಮೋಶೆಯ ಮುಖಾಂತರ ಬಂದ ಆಜ್ಞೆಗಳನ್ನು ಸತ್ಯವೇದವನ್ನು ಕನ್ನಡಿಸಿದವರು ಧರ್ಮಶಾಸ್ತ್ರವೆಂದು ಕರೆದರು. ಯಾಜ್ಞವಲ್ಕ್ಯ ಮೊದಲಾದವರ ಸ್ಮೃತಿಗಳಿಗೂ ಈ ದೇಶದಲ್ಲಿ ಅದೇ ಹೆಸರು. ಕಚೇರಿಯಲ್ಲಿ ನಾವು ಹೇಳುವ ಕಾನೂನು ಎಂಬ ಮಾತು ಅರಬ್ಬಿಯಿಂದ ಬಂದದ್ದು. ಅರಬ್ಬರು ಅದನ್ನು ಗ್ರೀಕರಿಂದ ಪಡೆದರು. ಗ್ರೀಕಿನಲ್ಲಿ ಆ ಶಬ್ದಕ್ಕೆ ನೆಟ್ಟಗಿರುವ ಅಳತೆಗೋಲು ಎಂದು ಅರ್ಥ. ಬಡಗಿಯ ಕೋಲು ಮರದ ಡೊಂಕನ್ನು ತೋರಿಸುತ್ತದೆ. ಮರವು ತನ್ನ ಡೊಂಕಿಗೆ ಸರಿಯಾಗಿ ಕೋಲನ್ನು ಬಗ್ಗಿಸಿಕೊಂಡರೆ ಅದು ಕೋಲಾಗಿ ಉಳಿಯುವದಿಲ್ಲ.

ಪೂರ್ವಕಾಲದ ಅರಸರು ತಮ್ಮ ಕಟ್ಟಳೆಗಳು ಮೇಲಿನಿಂದ ಬಂದವೆಂದು ಹೇಳಿಕೊಂಡರು. ಕ್ರಿಸ್ತಪೂರ್ವ ಸುಮಾರು 1750ರಲ್ಲಿ ಬಾಬೆಲಿನ ಅರಸನಾದ ಹಮ್ಮುರಾಬಿಯು ಕಪ್ಪು ಕಲ್ಲಿನ ಕಂಬದ ಮೇಲೆ ತನ್ನ ನಿಯಮಗಳನ್ನು ಕೆತ್ತಿಸಿದನು. ಆ ಕಂಬದ ತಲೆಯಲ್ಲಿ ಅರಸನು ದೇವತೆಯ ಮುಂದೆ ನಿಂತಿರುವ ಚಿತ್ರವಿದೆ; ಅದು ಈಗ ಪ್ಯಾರಿಸಿನ ಸಂಗ್ರಹಾಲಯದಲ್ಲಿದೆ. ರೋಮಿನಲ್ಲಿ ಕಟ್ಟಳೆಗಳನ್ನು ಮೇಲಿನ ಕುಲದವರೂ ಯಾಜಕರೂ ಮಾತ್ರ ಬಲ್ಲವರಾಗಿದ್ದರು. ಸಾಮಾನ್ಯ ಜನರು ಅವುಗಳನ್ನು ಬರೆದು ತೋರಿಸಬೇಕೆಂದು ಹಟಹಿಡಿದ ಮೇಲೆ ಕ್ರಿಸ್ತಪೂರ್ವ 450ರ ಸುಮಾರಿಗೆ ಹನ್ನೆರಡು ಹಲಗೆಗಳಲ್ಲಿ ಬರೆಯಲ್ಪಟ್ಟವು. ಇದರಿಂದ ಒಂದು ಸಂಗತಿ ತಿಳಿಯಬರುತ್ತದೆ. ಕಟ್ಟಳೆಯು ಅರಸನ ಬಾಯಿಂದ ಹೊರಟರೂ ಅನೇಕ ವೇಳೆ ಅದನ್ನು ಹೊರಡಿಸುವದು ಅನ್ಯಾಯಪಟ್ಟವನ ಮೊರೆಯೇ.

ನಮ್ಮ ಕನ್ನಡ ದೇಶದಲ್ಲಿಯೂ ಇದಕ್ಕೆ ದೃಷ್ಟಾಂತವಿದೆ. 1368ರಲ್ಲಿ ಜೈನರು ಶ್ರೀವೈಷ್ಣವರಿಂದ ತಮಗಾದ ಅನ್ಯಾಯವನ್ನು ವಿಜಯನಗರದ ಬುಕ್ಕರಾಯನ ಮುಂದೆ ಬಿನ್ನವಿಸಿದರು. ಅರಸನು ಎರಡು ಪಕ್ಷದವರನ್ನೂ ಕರೆಯಿಸಿ, ಜೈನರ ಕೈಯನ್ನು ಹಿಡಿದು ಶ್ರೀವೈಷ್ಣವರ ಕೈಯಲ್ಲಿಟ್ಟು, ಎರಡು ದರ್ಶನಗಳಿಗೂ ಭೇದವಿಲ್ಲವೆಂದು ತೀರ್ಮಾನಿಸಿ, ಬಲವಂತರ ಕಡೆಯವರೇ ಬಲಹೀನರನ್ನು ಕಾಯಬೇಕೆಂದು ಕಟ್ಟುಮಾಡಿದನು. ಆ ಶಾಸನವು ಶ್ರವಣಬೆಳಗೊಳದಲ್ಲಿ ಇಂದಿಗೂ ನಿಂತಿದೆ.

ಈಗ ನಮ್ಮ ಧ್ಯಾನಭಾಗಕ್ಕೆ ಬರೋಣ. ಚಲ್ಪಹಾದನೆಂಬವನು ಅರಣ್ಯದಲ್ಲಿ ಸತ್ತನು. ಅವನಿಗೆ ಗಂಡುಮಕ್ಕಳಿರಲಿಲ್ಲ, ಮಹ್ಲಾ, ನೋವಾ, ಹೊಗ್ಲಾ, ಮಿಲ್ಕಾ, ತಿರ್ಚಾ ಎಂಬ ಐವರು ಹೆಣ್ಣುಮಕ್ಕಳಿದ್ದರು. ದೇಶವನ್ನು ಪಾಲುಮಾಡುವ ಲೆಕ್ಕದಲ್ಲಿ ಅವರಿಗೆ ಪಾಲು ಇರಲಿಲ್ಲ. ಅವರು ಮನೆಯಲ್ಲಿ ಕುಳಿತು ಅಳಲಿಲ್ಲ. ದೇವದರ್ಶನದ ಗುಡಾರದ ಬಾಗಿಲಿಗೆ ಬಂದು, ಮೋಶೆಯೂ ಯಾಜಕನೂ ಕುಲಾಧಿಪತಿಗಳೂ ಸಮೂಹವೆಲ್ಲವೂ ನೋಡುತ್ತಿರುವಾಗ, ಮಗನಿಲ್ಲದ ಮಾತ್ರಕ್ಕೆ ನಮ್ಮ ತಂದೆಯ ಹೆಸರು ಯಾಕೆ ಅಳಿದುಹೋಗಬೇಕೆಂದು ಕೇಳಿದರು. ಪ್ರಿಯರೇ, ಇಲ್ಲಿ ಮೋಶೆಯು ಮಾಡಿದ್ದನ್ನು ಗಮನಿಸಿರಿ. ಹಿರಿಯರ ಕಟ್ಟಳೆಯಲ್ಲಿ ಇದಿಲ್ಲವೆಂದು ಅವನು ಅವರನ್ನು ಕಳುಹಿಸಿಬಿಡಲಿಲ್ಲ. ತನಗೆ ತಿಳಿಯದೆಂದು ಒಪ್ಪಿಕೊಂಡು ಅವರ ವ್ಯಾಜ್ಯವನ್ನು ದೇವರ ಮುಂದೆ ಇಟ್ಟನು. ಆ ಹೆಣ್ಣುಮಕ್ಕಳು ಹೇಳುವದು ನ್ಯಾಯವೆಂದು ಉತ್ತರ ಬಂತು. ಅದೇ ಮುಂದಿನವರೆಲ್ಲರಿಗೂ ನಿಯಮವಾಯಿತು.

ಸಂಗತಿಯು ಅಲ್ಲಿಗೇ ಮುಗಿಯಲಿಲ್ಲವೆಂಬದನ್ನೂ ಮುಚ್ಚಿಡಲಾರೆವು. ಅದೇ ಪುಸ್ತಕದ 36ನೆಯ ಅಧ್ಯಾಯದಲ್ಲಿ ಅವರ ಕುಲದ ಹಿರಿಯರು ಬಂದು, ಇವರು ಬೇರೆ ಕುಲದಲ್ಲಿ ಮದುವೆಯಾದರೆ ನಮ್ಮ ಭೂಮಿ ಕೈತಪ್ಪಿಹೋಗುವದೆಂದು ತಕರಾರು ಮಾಡಿದರು. ಸ್ವಕುಲದಲ್ಲಿಯೇ ಮದುವೆಯಾಗಬೇಕೆಂಬ ಕಟ್ಟು ಅವರ ಮೇಲೆ ಬಂತು. ಭೂಮಿಯ ವಿಷಯದಲ್ಲಿ ಗಂಡಸರ ತಕರಾರು ಮೋಶೆಯ ಕಾಲದಷ್ಟು ಹಳೆಯದು. ಆದಾಗ್ಯೂ ಹೆಣ್ಣುಮಕ್ಕಳಿಗೆ ಕೊಟ್ಟ ಪಾಲನ್ನು ಯಾರೂ ಹಿಂದಕ್ಕೆ ತೆಗೆದುಕೊಳ್ಳಲಿಲ್ಲ.

ಎರಡನೆಯದಾಗಿ, ಕಟ್ಟಳೆಗೆ ಅರ್ಥ ಹೇಳುವವರು ಯಾರು?

ಬರೆದ ಕಟ್ಟಳೆಯು ತಾನಾಗಿ ಮಾತಾಡುವದಿಲ್ಲ, ಓದುವವನು ಬೇಕು. ಓದುವವನಿಗೆ ಮನಸ್ಸೂ ಇದೆ, ಚೀಲವೂ ಇದೆ. ಒಂದೇ ಶಬ್ದವನ್ನು ಇಬ್ಬರು ಓದಿದ್ದರಿಂದ ಈ ದೇಶದಲ್ಲಿ ಎರಡು ಕಾನೂನುಗಳಾದ ಕಥೆಯನ್ನು ಕೇಳಿರಿ.

ಬೀದರ ಜಿಲ್ಲೆಯ ಬಸವಕಲ್ಯಾಣವು ಚಾಲುಕ್ಯರ ರಾಜಧಾನಿಯಾಗಿದ್ದಾಗ, ಆರನೆಯ ವಿಕ್ರಮಾದಿತ್ಯನ ಆಳ್ವಿಕೆಯಲ್ಲಿ (1076–1126) ವಿಜ್ಞಾನೇಶ್ವರನೆಂಬ ಪಂಡಿತನು ಯಾಜ್ಞವಲ್ಕ್ಯ ಸ್ಮೃತಿಗೆ ಮಿತಾಕ್ಷರವೆಂಬ ಟೀಕೆಯನ್ನು ಬರೆದನು. ಬಂಗಾಳದಲ್ಲಿ ಜೀಮೂತವಾಹನನು ದಾಯಭಾಗವೆಂಬ ಗ್ರಂಥವನ್ನು ಬರೆದನು. ಸಪಿಂಡ ಎಂಬಲ್ಲಿರುವ ಪಿಂಡವು ಸತ್ತವರಿಗೆ ಇಡುವ ಅನ್ನದ ಉಂಡೆಯೆಂದು ಜೀಮೂತವಾಹನನು ಅರ್ಥಮಾಡಿ, ಪಿಂಡದಿಂದ ಸತ್ತವನಿಗೆ ಉಪಕಾರಮಾಡುವವನೇ ಬಾಧ್ಯನೆಂದನು. ವಿಜ್ಞಾನೇಶ್ವರನಾದರೋ ಪಿಂಡವೆಂದರೆ ಶರೀರವೆಂದೂ ಒಂದೇ ಶರೀರದ ಅಂಶವುಳ್ಳವರು, ಅಂದರೆ ರಕ್ತದಲ್ಲಿ ಹತ್ತಿರವಾದವರು, ಬಾಧ್ಯರೆಂದೂ ಹೇಳಿದನು. ಬಂಗಾಳದಲ್ಲಿ ತಂದೆ ಸತ್ತ ಮೇಲೆ ಮಗನಿಗೆ ಹಕ್ಕು ಹುಟ್ಟಿತು. ಮಿತಾಕ್ಷರ ನಡೆದ ಸೀಮೆಗಳಲ್ಲಿ ಮಗನು ಹುಟ್ಟಿದಾಗಲೇ ಅವನ ಹಕ್ಕೂ ಹುಟ್ಟಿತು. 1810ರಲ್ಲಿ ಕೋಲ್‌ಬ್ರೂಕರು ಈ ಎರಡನ್ನೂ ಇಂಗ್ಲಿಷಿಗೆ ತಿರುಗಿಸಿದ ಮೇಲೆ, ಕಲ್ಯಾಣದಲ್ಲಿ ಬರೆದ ಆ ಟೀಕೆಯು ದೊಡ್ಡ ದೊಡ್ಡ ನ್ಯಾಯಸ್ಥಾನಗಳಲ್ಲಿ ಆಧಾರವಾಯಿತು.

ಇನ್ನೊಂದು ಶಬ್ದವನ್ನು ನೋಡಿರಿ. ಸ್ತ್ರೀಧನವನ್ನು ಹೇಳುವಾಗ ಯಾಜ್ಞವಲ್ಕ್ಯನು ತಂದೆ, ತಾಯಿ, ಗಂಡ, ಅಣ್ಣತಮ್ಮಂದಿರು ಕೊಟ್ಟದ್ದು ಎಂದು ಎಣಿಸಿ, ಕಡೆಗೆ 'ಆದ್ಯ' ಎಂದನು, ಅಂದರೆ ಮೊದಲಾದದ್ದು. ಆ ಒಂದು ಶಬ್ದದೊಳಗೆ ವಿಜ್ಞಾನೇಶ್ವರನು ಸ್ತ್ರೀಗೆ ಬಾಧ್ಯತೆಯಿಂದ ಬಂದದ್ದನ್ನೂ ಕ್ರಯಕ್ಕೆ ಪಡೆದದ್ದನ್ನೂ ಪಾಲಿನಲ್ಲಿ ಸಿಕ್ಕಿದ್ದನ್ನೂ ಸೇರಿಸಿ ಬಾಗಿಲನ್ನು ಅಗಲಮಾಡಿದನು. ಏಳು ನೂರಕ್ಕಿಂತ ಹೆಚ್ಚು ವರುಷಗಳ ಮೇಲೆ ಲಂಡನ್ ಪಟ್ಟಣದ ನ್ಯಾಯಾಧಿಪತಿಗಳು, ಗಂಡನಿಂದ ಬಾಧ್ಯತೆಯಾಗಿ ಬಂದ ಸೊತ್ತು ವಿಧವೆಯ ಸ್ತ್ರೀಧನವಲ್ಲವೆಂದು ತೀರ್ಮಾನಿಸಿ ಅದೇ ಬಾಗಿಲನ್ನು ಇಕ್ಕಟ್ಟುಮಾಡಿದರು. ಮೂಲಶ್ಲೋಕದ ಒಂದಕ್ಷರವೂ ಬದಲಾಗಿರಲಿಲ್ಲ, ಓದಿದವರು ಬದಲಾಗಿದ್ದರು. ವಿಜ್ಞಾನೇಶ್ವರನೂ ಹುಟ್ಟಿನ ಹಕ್ಕನ್ನು ಗಂಡುಮಕ್ಕಳಿಗೇ ಹೇಳಿದನು, ಹೆಣ್ಣುಮಕ್ಕಳಿಗಲ್ಲ. ಎಷ್ಟು ದೊಡ್ಡ ಪಂಡಿತನಾದರೂ ಅವನ ಕಣ್ಣಿಗೆ ಕಾಣದ ಒಂದು ಮೂಲೆ ಇದ್ದೇ ಇರುತ್ತದೆ.

ನಮ್ಮ ಕರ್ತನ ಕಾಲದ ಶಾಸ್ತ್ರಿಗಳೂ ಫರಿಸಾಯರೂ ಹೀಗೆಯೇ ಇದ್ದರು. ತಂದೆತಾಯಿಗಳನ್ನು ಸನ್ಮಾನಿಸಬೇಕೆಂಬ ಆಜ್ಞೆಯು ಅವರಿಗೆ ಬಾಯಿಪಾಠವಾಗಿತ್ತು. ಆದರೆ ಮುದಿಪ್ರಾಯದ ತಾಯಿಗೆ ಕೊಡಬೇಕಾದದ್ದನ್ನು ಕೊರ್ಬಾನ್, ಅಂದರೆ ದೇವರಿಗೆ ಮುಡಿಪು, ಎಂದು ಹೇಳಿಬಿಟ್ಟರೆ ಮಗನು ಏನೂ ಕೊಡಬೇಕಾಗಿಲ್ಲವೆಂದು ಹಿರಿಯರ ಸಂಪ್ರದಾಯದಿಂದ ಒಂದು ದಾರಿ ತೆಗೆದಿದ್ದರು. ಕರ್ತನು ಅವರನ್ನು ಗದರಿಸಿದ್ದು ಶಾಸ್ತ್ರವನ್ನು ಓದಿದ್ದಕ್ಕಾಗಿ ಅಲ್ಲ, ಓದುವ ರೀತಿಗಾಗಿ. ಸಬ್ಬತ್ ದಿನದ ವಿಷಯದಲ್ಲಿಯೂ ಆತನು ಕಟ್ಟಳೆಯು ಯಾರ ನಿಮಿತ್ತ ಕೊಡಲ್ಪಟ್ಟಿತೆಂಬದನ್ನೇ ಮೊದಲು ಕೇಳಿದನು.

ಅದಕಾರಣ ಓದುವವನನ್ನು ಪರೀಕ್ಷಿಸುವದಕ್ಕೆ ಒಂದು ಸುಲಭವಾದ ಪ್ರಶ್ನೆಯುಂಟು: ನೀನು ಹೇಳುವ ಈ ಅರ್ಥದಿಂದ ಯಾರ ಚೀಲ ತುಂಬುತ್ತದೆ? ಪ್ರತಿ ಸಾರಿಯೂ ನಿನ್ನ ಚೀಲವೇ ತುಂಬುವದಾದರೆ, ನಿನ್ನ ಓದಿನಲ್ಲಿ ಎಲ್ಲಿಯೋ ತಪ್ಪಿದೆ.

ಮೂರನೆಯದಾಗಿ, ನಾವು ಯಾವ ಕಾನೂನಿನವರು?

ಈ ಪ್ರಶ್ನೆಯನ್ನು ನಮಗಿಂತ ಮುಂಚೆ ಬಳ್ಳಾರಿಯ ಒಂದು ಕ್ರೈಸ್ತ ಮನೆಯು ಕೇಳಿತು. ಆಗ ಬಳ್ಳಾರಿಯು ಮದ್ರಾಸ್ ಸಂಸ್ಥಾನಕ್ಕೆ ಸೇರಿದ ದಂಡಿನ ಊರು. ಅಲ್ಲಿ ಮ್ಯಾಥ್ಯೂ ಎಬ್ರಹಾಮ್ ಎಂಬ ಪ್ರೊಟೆಸ್ಟಂಟ್ ಕ್ರೈಸ್ತನಿದ್ದನು. ಅವನ ಪೂರ್ವಿಕರು ಊರಿನ ಹೊರಗೆ ಇರಿಸಲ್ಪಟ್ಟ ಕುಲದಿಂದ ಬಂದು ಹಿಂದೆಯೇ ಕ್ರೈಸ್ತರಾದವರು. ಅವನು ಅಂಗಡಿಯಿಂದಲೂ ಸಾರಾಯಿ ಭಟ್ಟಿಯ ವ್ಯಾಪಾರದಿಂದಲೂ ದೊಡ್ಡ ಐಶ್ವರ್ಯವನ್ನು ಕೂಡಿಸಿದನು. ಅವನ ಹೆಂಡತಿಯಾದ ಷಾರ್ಲೆಟ್ ಎಂಬವಳು ಯುರೋಪಿಯರ ಸಂತಾನದವಳು. ಮನೆಯವರು ಆಂಗ್ಲರ ಉಡುಪನ್ನು ಉಟ್ಟು ಅವರ ರೀತಿಯಲ್ಲಿ ಬಾಳಿದರು. 1842ರಲ್ಲಿ ಅವನು ಮರಣಪತ್ರವಿಲ್ಲದೆ ತೀರಿಹೋದನು. ತಮ್ಮನಾದ ಫ್ರಾನ್ಸಿಸನು ವ್ಯಾಪಾರವನ್ನು ನಡಿಸುತ್ತಿದ್ದನು. ಕೆಲವು ವರುಷಗಳಾದ ಮೇಲೆ ಸೊತ್ತಿಗಾಗಿ ಜಗಳ ಹತ್ತಿತು. ನಾವು ಅವಿಭಕ್ತ ಕುಟುಂಬದವರು, ಹಿಂದೂ ಧರ್ಮಶಾಸ್ತ್ರದಂತೆ ನನಗೆ ಪಾಲಿದೆ ಎಂದು ತಮ್ಮನು ವಾದಿಸಿದನು. ನಮಗೆ ಆ ಶಾಸ್ತ್ರವು ಸಲ್ಲದು ಎಂದು ವಿಧವೆಯು ವಾದಿಸಿದಳು.

ಕಾನೂನಿಗೆ ಇದು ಕಷ್ಟವಾದ ಪ್ರಶ್ನೆಯಾಯಿತು. ಹಿಂದೂಗಳಿಗೆ ಹಿಂದೂ ಶಾಸ್ತ್ರ, ಮುಸಲ್ಮಾನರಿಗೆ ಅವರ ಶಾಸ್ತ್ರ ಎಂದು 1802ರ ಮದ್ರಾಸಿನ ಕಟ್ಟಳೆಗಳಲ್ಲಿತ್ತು; ದೇಶೀಯ ಕ್ರೈಸ್ತರಿಗೆ ಯಾವದೆಂದು ಬರೆದಿರಲಿಲ್ಲ. ಸಾಕ್ಷಿಗಳನ್ನು ಕರೆದು ಆ ಮನೆಯವರು ಏನು ಉಟ್ಟರು, ಹೇಗೆ ಉಂಡರು, ಯಾರ ಸಂಗಡ ಬಳಕೆಮಾಡಿದರು ಎಂಬದನ್ನೆಲ್ಲ ವಿಚಾರಿಸಿದರು. ಬಳ್ಳಾರಿಯಿಂದ ಮದ್ರಾಸಿಗೂ ಮದ್ರಾಸಿನಿಂದ ಲಂಡನಿನ ಪ್ರಿವಿ ಕೌನ್ಸಿಲಿಗೂ ಹೋದ ಆ ವ್ಯಾಜ್ಯವು 1863ರಲ್ಲಿ ತೀರಿತು. ಗೃಹಸ್ಥನು ಸತ್ತು ಇಪ್ಪತ್ತೊಂದು ವರುಷಗಳು ದಾಟಿದ್ದವು.

ತೀರ್ಪಿನ ಸಾರವು ಇದು: ಮತವನ್ನು ಬಿಟ್ಟವನು ಹಳೆಯ ಮತದ ಸಂಗಡ ಹಳೆಯ ಕಾನೂನನ್ನೂ ಬಿಡಬಹುದು, ಅಥವಾ ಮತವನ್ನು ಬಿಟ್ಟರೂ ಹಳೆಯ ಕಾನೂನನ್ನು ಇಟ್ಟುಕೊಳ್ಳಬಹುದು. ಇವೆರಡರಲ್ಲಿ ಯಾವದನ್ನು ಆರಿಸಿಕೊಂಡನೆಂಬದು ಅವನ ನಡತೆಯಿಂದ ತಿಳಿಯಬೇಕು. ಎಬ್ರಹಾಮರ ಮನೆಯ ನಡತೆಯನ್ನು ನೋಡಿದರೆ ಅವಿಭಕ್ತ ಹಿಂದೂ ಕುಟುಂಬದ ನಿಯಮವು ಅವರಿಗೆ ಸಲ್ಲದು. ಹೀಗೆ ತೀರ್ಪಾಯಿತು.

ಉಪದೇಶಿಗಳಾದ ನಮಗೆ ಇದಕ್ಕಿಂತ ಹೆಚ್ಚಾದ ಪ್ರಸಂಗವು ಯಾವ ನ್ಯಾಯಸ್ಥಾನದಿಂದಲೂ ಕೇಳಿಬಂದಿಲ್ಲ. ನೀನು ಯಾವ ಕಾನೂನಿನವನೆಂದು ನಿನ್ನ ಬಾಯಿಯನ್ನಾಗಲಿ ದೀಕ್ಷಾಸ್ನಾನದ ಪುಸ್ತಕವನ್ನಾಗಲಿ ಕೇಳುವದಿಲ್ಲ. ನಿನ್ನ ನಡತೆಯನ್ನು ಕೇಳುತ್ತೇವೆ ಎಂಬದೇ ಅದರ ಅರ್ಥವಲ್ಲವೇ?

ಎರಡು ವರುಷಗಳ ಮೇಲೆ, 1865ರಲ್ಲಿ, ಹಿಂದೂಗಳೂ ಮುಸಲ್ಮಾನರೂ ಅಲ್ಲದವರ ಬಾಧ್ಯತೆಯ ವಿಷಯವಾಗಿ ಇಂಡಿಯನ್ ಸಕ್ಸೆಷನ್ ಆಕ್ಟ್ ಎಂಬ ಉತ್ತರಾಧಿಕಾರದ ಕಾಯಿದೆ ಬಂತು. ಮಂಗಳೂರಿನ ಒಂದು ಕ್ರೈಸ್ತ ಕುಟುಂಬದವರು ನಾವು ಇನ್ನೂ ಹಿಂದಿನ ಅವಿಭಕ್ತ ಪದ್ಧತಿಯಲ್ಲಿಯೇ ಇದ್ದೇವೆಂದು ವಾದಿಸಿದಾಗ, ಕಾಯಿದೆ ಬಂದ ಮೇಲೆ ಅದು ನಡೆಯದೆಂದು 1886ರಲ್ಲಿ ಮದ್ರಾಸ್ ಹೈಕೋರ್ಟು ಹೇಳಿತು. 1925ರಲ್ಲಿ ಹಳೆಯ ಕಾಯಿದೆಗಳನ್ನು ಕೂಡಿಸಿ ಹೊಸದಾಗಿ ಮಾಡಿದ ಕಾಯಿದೆಯು ನಮ್ಮ ಬೆಂಗಳೂರಿನ ಕ್ರೈಸ್ತ ಮನೆಗಳಿಗೆ ಸಲ್ಲುವದಾಗಿದೆ. ಅದು ಹೇಳುವದನ್ನು ಪ್ರತಿಯೊಬ್ಬರೂ ತಿಳಿದಿರಬೇಕು. ಮರಣಪತ್ರವಿಲ್ಲದೆ ಗಂಡನು ಸತ್ತು ಹೆಂಡತಿಯೂ ಮಕ್ಕಳೂ ಉಳಿದಿದ್ದರೆ, ಮೂರರಲ್ಲಿ ಒಂದು ಭಾಗ ಹೆಂಡತಿಗೆ; ಉಳಿದ ಎರಡು ಭಾಗಗಳು ಮಕ್ಕಳಿಗೆ, ಗಂಡೆಂದೂ ಹೆಣ್ಣೆಂದೂ ಭೇದವಿಲ್ಲದೆ ಸಮವಾಗಿ. ತಂದೆಯು ಬದುಕಿರುವಾಗ ಮಗಳಿಗೆ ಕೊಟ್ಟ ಒಡವೆ ಹಣಗಳನ್ನು ಅವಳ ಪಾಲಿನಲ್ಲಿ ಕಳೆಯಕೂಡದೆಂದೂ ಅದರಲ್ಲಿ ಬರೆದಿದೆ.

ಇನ್ನು "ನಮ್ಮ ಹಿರಿಯರ ಕಟ್ಟಳೆ" ಎಂಬ ಮಾತು. ಯಾವ ಹಿರಿಯರು? ತುಳುನಾಡಿನ ಅಳಿಯಸಂತಾನದ ಕಟ್ಟಿನಲ್ಲಿ ಸೊತ್ತು ಹೆಣ್ಣಿನ ಸಂತತಿಯಲ್ಲಿ ಇಳಿಯಿತು. ಗಂಡಸಿನ ಸ್ವಂತ ಮಕ್ಕಳಿಗೆ ಅವನ ಮನೆತನದ ಸೊತ್ತಿನಲ್ಲಿ ಪಾಲಿರಲಿಲ್ಲ. ಅದೂ ಹಿರಿಯರ ಕಟ್ಟಳೆಯೇ. ನಮ್ಮ ಮೈಸೂರು ಸೀಮೆಯಲ್ಲಿ 1933ರಲ್ಲಿಯೇ ಹಿಂದೂ ಸ್ತ್ರೀಯರ ಹಕ್ಕುಗಳ ಕಾಯಿದೆಯಾಗಿ ಅವಿಭಕ್ತ ಕುಟುಂಬದ ಹೆಂಗಸರಿಗೆ ಪಾಲಿನಲ್ಲಿ ಮಿತವಾದ ಹಕ್ಕು ಸಿಕ್ಕಿತು. 1994ರಲ್ಲಿ ಕರ್ನಾಟಕವು, ಆಗ ಮದುವೆಯಾಗದೆ ಇದ್ದ ಹೆಣ್ಣುಮಕ್ಕಳಿಗೆ ಗಂಡುಮಕ್ಕಳ ಹಾಗೆಯೇ ಹುಟ್ಟಿನ ಹಕ್ಕನ್ನು ಕೊಟ್ಟಿತು. 2005ರಲ್ಲಿ ಅದು ದೇಶದ ಎಲ್ಲಾ ಹಿಂದೂ ಹೆಣ್ಣುಮಕ್ಕಳಿಗೂ ಬಂತು. ಆ ದಿನ ತಂದೆಯು ಬದುಕಿದ್ದರೂ ಇಲ್ಲದಿದ್ದರೂ ಹಕ್ಕು ಉಂಟೆಂದು 2020ರಲ್ಲಿ ಸುಪ್ರೀಂ ಕೋರ್ಟು ತೀರ್ಮಾನಿಸಿತು. ಹೀಗಿರಲಾಗಿ ನಮ್ಮ ಸಹೋದರನು ಹಿರಿಯರದೆಂದು ಹಿಡಿದಿರುವ ಕಟ್ಟಳೆಯನ್ನು ಆ ಹಿರಿಯರ ಮನೆಯೇ ಬಿಟ್ಟುಬಿಟ್ಟಿದೆ. ಯಜಮಾನನು ಖಾಲಿಮಾಡಿ ಹೋದ ಮನೆಯಲ್ಲಿ ಬಾಡಿಗೆಯವನು ಕುಳಿತು ಇದು ನಮ್ಮ ಪೂರ್ವಿಕರದು ಎಂದ ಹಾಗಾಯಿತು.

ಕ್ರೈಸ್ತರ ಕಾನೂನು ಯಾವಾಗಲೂ ನೆಟ್ಟಗಿತ್ತೆಂದು ಹೆಚ್ಚಳಪಡುವದಕ್ಕೂ ಎಡೆಯಿಲ್ಲ. ತಿರುವಾಂಕೂರಿನಲ್ಲಿ 1916ರಲ್ಲಿ ಕ್ರೈಸ್ತರಿಗಾಗಿಯೇ ಮಾಡಿದ ಕಾಯಿದೆಯಲ್ಲಿ ಮಗಳಿಗೆ ಮಗನ ಪಾಲಿನ ಕಾಲುಭಾಗ ಅಥವಾ 5,000 ರೂಪಾಯಿ, ಇವೆರಡರಲ್ಲಿ ಯಾವದು ಕಡಿಮೆಯೋ ಅದು ಎಂದಿತ್ತು. ಮೇರಿ ರಾಯ್ ಎಂಬ ಸ್ತ್ರೀಯು ಚಲ್ಪಹಾದನ ಹೆಣ್ಣುಮಕ್ಕಳ ಹಾಗೆ ಎದ್ದುನಿಂತು ಕೇಳಿದ ಮೇಲೆ, 1951ರಿಂದಲೇ ಆ ಕಾಯಿದೆಗೆ ಬಲವಿಲ್ಲವೆಂದು 1986ರಲ್ಲಿ ಸುಪ್ರೀಂ ಕೋರ್ಟು ತೀರ್ಪುಕೊಟ್ಟಿತು.

ಕಡೆಯದಾಗಿ, ನಮ್ಮ ಅರಿಕೆ.

ಆ ಕಾಗದವು ನಮ್ಮ ಕೈಯಲ್ಲಿ ಯಾಕೆ ಭಾರವಾಯಿತೆಂದರೆ, ಹತ್ತು ವರುಷಗಳ ಹಿಂದೆ ಬೇರೊಂದು ಊರಿನ ಸಭೆಯಲ್ಲಿ ಇಂಥದೇ ಕಾಗದವನ್ನು ನಾವು ತೆಗೆದುಕೊಂಡುಹೋಗಿದ್ದೆವು. ಸೆಮಿನರಿಯ ಪಾಠ ಮುಗಿಸಿ ಬಂದು ಬಹಳ ಕಾಲವಾಗಿರಲಿಲ್ಲ. ಸಭೆಯಲ್ಲಿ ಜಗಳವಾಗದ ಹಾಗೆ ಕಾಯುವದೇ ಉಪದೇಶಿಯ ಕೆಲಸವೆಂದು ತಿಳಿದಿದ್ದೆವು. ಆ ಸಹೋದರಿಯ ಮುಂದೆ ಕುಳಿತು, ಅಮ್ಮಾ, ಸಮಾಧಾನಮಾಡುವವರು ಧನ್ಯರೆಂದು ಕರ್ತನು ಹೇಳಿದ್ದಾನಲ್ಲವೇ ಎಂದೆವು. ಅವಳು ಪ್ರಶ್ನೆ ಕೇಳಲಿಲ್ಲ. ಸೆರಗಿನಿಂದ ಕೈ ಒರಸಿಕೊಂಡು ರುಜುಹಾಕಿದಳು. ಕಾಯಿದೆಯಲ್ಲಿ ಅವಳಿಗೆ ಸಮಪಾಲಿದೆಯೆಂದು ನಾವು ಹೇಳಲಿಲ್ಲ. ನಿಜವಾಗಿ ನೋಡಿದರೆ ಅದನ್ನು ತಿಳಿದುಕೊಳ್ಳುವದಕ್ಕೂ ನಾವು ಪ್ರಯಾಸಪಟ್ಟಿರಲಿಲ್ಲ. ಎರಡು ವರುಷಗಳಲ್ಲಿ ಅವಳು ವಿಧವೆಯಾಗಿ ಎರಡು ಮಕ್ಕಳನ್ನು ಕಟ್ಟಿಕೊಂಡು ಬಾಡಿಗೆಯ ಕೋಣೆಗೆ ಬಂದಳು. ನಾವು ನೋಡಹೋದಾಗ ಅವಳು ನಮ್ಮನ್ನು ದೂರಲಿಲ್ಲ. "ಅಯ್ಯನವರೇ, ಆ ದಿನ ನೀವು ಓದಿದ್ದು ದೇವರ ವಾಕ್ಯವೋ, ಅಣ್ಣನ ಕಾಗದವೋ?" ಎಂದು ಮಾತ್ರ ಕೇಳಿದಳು. ನಮ್ಮಲ್ಲಿ ಉತ್ತರವಿರಲಿಲ್ಲ. ಸಂಪ್ರದಾಯದ ನಿಮಿತ್ತ ದೇವರ ಮಾತನ್ನು ವ್ಯರ್ಥಮಾಡಿದ ಶಾಸ್ತ್ರಿಗಳನ್ನು ಎಷ್ಟೋ ಸಾರಿ ಪೀಠದ ಮೇಲಿನಿಂದ ಖಂಡಿಸಿದ್ದೇವೆ. ಆ ದಿನ ಕೊರ್ಬಾನಿನ ದಾರಿಯನ್ನು ತೋರಿಸಿದ ಶಾಸ್ತ್ರಿಯು ನಾವೇ ಆಗಿದ್ದೆವು.

ಈ ಸಾರಿ ನಾವು ಸಂಜಯನಗರದ ಆ ಮನೆಗೆ ಹೋಗಿ, ಯಲಹಂಕದಿಂದ ಮಗಳನ್ನೂ ಕರೆಯಿಸಿ, ಎಲ್ಲರನ್ನೂ ಕುಳ್ಳಿರಿಸಿದೆವು. ಮೊದಲು ಲೂಕನ ಸುವಾರ್ತೆಯ ಭಾಗವನ್ನು ಓದಿದೆವು. ಒಬ್ಬನು ಗುಂಪಿನೊಳಗಿಂದ, ನನ್ನ ಅಣ್ಣನಿಗೆ ಹೇಳಿ ಪಾಲು ಕೊಡಿಸು ಎಂದು ಬೇಡಿದಾಗ ಕರ್ತನು, ತನ್ನನ್ನು ಪಾಲುಮಾಡುವವನನ್ನಾಗಿ ಯಾರು ನೇಮಿಸಿದರೆಂದು ಕೇಳಿ, ಎಲ್ಲಾ ವಿಧವಾದ ಲೋಭದ ವಿಷಯದಲ್ಲಿ ಎಚ್ಚರಿಸಿದನು. ಆತನೇ ಪಾಲುಮಾಡುವವನಾಗಲು ಒಪ್ಪದಿರುವಾಗ ಉಪದೇಶಿಯು ಯಾವನು? ಆದಕಾರಣ, ನಾವು ಪಾಲುಮಾಡಲು ಬಂದವರಲ್ಲ, ತಿಳಿಸಲು ಬಂದವರು ಎಂದು ಹೇಳಿ, ಅಡಿಗೆಮನೆಯಿಂದ ಒಂಬತ್ತು ಹುಣಿಸೇ ಬೀಜಗಳನ್ನು ತರಿಸಿದೆವು. ಮೂರನ್ನು ತಾಯಿಯ ಮುಂದೆ ಇಟ್ಟೆವು. ಮೂವರು ಮಕ್ಕಳ ಮುಂದೆ ಎರಡೆರಡು ಇಟ್ಟೆವು. ಮನೆಯ ಬೆಲೆಯನ್ನು ಒಂಬತ್ತು ಪಾಲು ಮಾಡಿದರೆ ಕಾಯಿದೆಯ ಲೆಕ್ಕವು ಇದೇ ಎಂದೆವು.

ತಾಯಿಯು ತನ್ನ ಮುಂದಿದ್ದ ಮೂರು ಬೀಜಗಳನ್ನು ಬಹಳ ಹೊತ್ತು ನೋಡಿದಳು. ತನಗೂ ಒಂದು ಪಾಲಿದೆಯೆಂಬದು ಆಕೆಗೆ ಅಂದಿನ ವರೆಗೆ ತಿಳಿದಿರಲಿಲ್ಲ. ಹಿರಿಯ ಮಗನಿಗೂ ತಿಳಿದಿರಲಿಲ್ಲ. ಮಗಳು, "ಅಣ್ಣಾ, ನೀನು ಬಾಯಿಬಿಟ್ಟು ಕೇಳಿದ್ದರೆ ನಾನೇ ಬಿಟ್ಟುಕೊಡುತ್ತಿದ್ದೆನೋ ಏನೋ. ಅಯ್ಯನವರ ಕೈಯಲ್ಲಿ ಕಾಗದ ಕಳುಹಿಸುವ ತನಕ ನಾನು ದೂರದವಳಾದೆನೇ?" ಎಂದಳು. ಅವನು ತಲೆತಗ್ಗಿಸಿದನು. ಒಂದು ತಿಂಗಳು ಕಾಲಾವಕಾಶ ಬೇಕೆಂದು ಕೇಳಿದನು. ತಾನು ಕೊಟ್ಟಿದ್ದ ಕಾಗದವನ್ನು ನಮ್ಮಿಂದ ಹಿಂದಕ್ಕೆ ತೆಗೆದುಕೊಂಡನು, ಮತ್ತೆ ತರಲಿಲ್ಲ. ಇದನ್ನು ಬರೆಯುವಾಗ ಆ ಮನೆಯು ಇನ್ನೂ ಪಾಲಾಗಿಲ್ಲ. ಆದರೆ ಮಗಳು ಹಬ್ಬಕ್ಕೆ ತವರಿಗೆ ಬಂದುಹೋದಳು.

ಪ್ರಿಯ ವಾಚಕರೇ, ಇದರಿಂದ ನಾವು ಕಲಿಯತಕ್ಕ ಕೆಲವು ಬುದ್ಧಿಮಾತುಗಳಿವೆ. ಸೊತ್ತುಳ್ಳವರು ಬದುಕಿರುವಾಗಲೇ ಮರಣಪತ್ರವನ್ನು ಬರೆದಿಡಿರಿ. ಅದಕ್ಕೆ ನಿಮ್ಮ ರುಜುವೂ ಇಬ್ಬರು ಸಾಕ್ಷಿಗಳ ರುಜುವೂ ಇರಬೇಕು. ಬರೆಯುವಾಗ ಹೆಣ್ಣುಮಕ್ಕಳನ್ನು ಮರೆಯಬೇಡಿರಿ. ಸಹೋದರಿಯು ತನ್ನ ಹಕ್ಕು ಎಷ್ಟೆಂದು ತಿಳಿದು, ಯಾರ ಒತ್ತಾಯವೂ ಇಲ್ಲದೆ ಬಿಟ್ಟುಕೊಟ್ಟರೆ ಅದು ಪ್ರೀತಿಯ ದಾನ, ಅದನ್ನು ಯಾರೂ ಆಕ್ಷೇಪಿಸಲಾರರು. ತಿಳಿಯದೆ ಹಾಕಿದ ರುಜುವು ದಾನವಲ್ಲ. ಸಭಾಹಿರಿಯರೇ, ಉಪದೇಶಿಗಳೇ, ಬಲವಂತನ ಕಾಗದವನ್ನು ಬಲಹೀನರ ಮನೆಗೆ ಹೊತ್ತುಕೊಂಡು ಹೋಗಬೇಡಿರಿ. ಹಾಗೆ ತಂದ ಸಮಾಧಾನದ ಬೆಲೆಯನ್ನು ಯಾವಾಗಲೂ ಒಬ್ಬಳೇ ತೆತ್ತಿರುತ್ತಾಳೆ.

ಬಳ್ಳಾರಿಯ ಎಬ್ರಹಾಮನ ಮನೆಯವರು ಸೊತ್ತಿಗಾಗಿ ಸಮುದ್ರವನ್ನು ದಾಟಿಸಿ ವ್ಯಾಜ್ಯವಾಡಿದರು. ಅದೇ ಹೆಸರಿನ ನಮ್ಮ ಮೂಲಪಿತೃವಿನ ಕುರುಬರಿಗೂ ಅವನ ತಮ್ಮನ ಮಗನಾದ ಲೋಟನ ಕುರುಬರಿಗೂ ಮೇವಿನ ಭೂಮಿಗಾಗಿ ಜಗಳ ಬಂದಾಗ, ಅವನು ಹಿರಿಯನಾಗಿದ್ದರೂ ಕಿರಿಯನಿಗೆ, ದೇಶವು ನಿನ್ನ ಮುಂದಿದೆ, ನಿನಗೆ ಬೇಕಾದ ಕಡೆಯನ್ನು ಮೊದಲು ಆರಿಸಿಕೋ ಎಂದು ಬಿಟ್ಟುಕೊಟ್ಟನು. ಲೋಟನು ನೀರುಳ್ಳ ಬಯಲನ್ನು ಆರಿಸಿಕೊಂಡನು. ಅಬ್ರಹಾಮನಿಗೆ ಬೆಟ್ಟದ ಸೀಮೆ ಉಳಿಯಿತು. ಆಶೀರ್ವಾದವಾದರೋ ಬೆಟ್ಟದಲ್ಲಿದ್ದವನನ್ನು ಹುಡುಕಿಕೊಂಡು ಬಂತು. ಕಾಯಿದೆಯು ನಮಗೆ ಕಡಿಮೆಯೆಂದರೆ ಎಷ್ಟು ಕೊಡಬೇಕೆಂಬದನ್ನು ಹೇಳುತ್ತದೆ. ಅದಕ್ಕಿಂತ ಕಡಿಮೆ ಕೊಡುವವನು ಕ್ರಿಸ್ತನ ಶಿಷ್ಯನಾಗುವದಂತೂ ಇರಲಿ, ಒಳ್ಳೇ ಪ್ರಜೆಯೂ ಅಲ್ಲ.

ನಾವು ಯಾವ ಕಾನೂನಿನವರೆಂದು ಆದಿತ್ಯವಾರದ ಕೀರ್ತನೆಯಿಂದ ತಿಳಿಯುವದಿಲ್ಲ. ಪಾಲಿನ ದಿನದಲ್ಲಿ ತಿಳಿಯುವದು. ಆ ದಿನ ನಿಮ್ಮ ಮನೆಗೆ ಬಂದಾಗ, ಕಾಗದವನ್ನು ಬಿಚ್ಚುವದಕ್ಕೆ ಮುಂಚೆ ಒಂದು ಹಿಡಿ ಹುಣಿಸೇ ಬೀಜಗಳನ್ನು ತಂದು ತಂಗಿಯನ್ನು ಕರೆಯಿರಿ.

ಪ್ರಾರ್ಥನೆ: ನ್ಯಾಯಾಧಿಪತಿಯಾದ ತಂದೆಯೇ, ನಿನ್ನ ಮಾತನ್ನು ನಮ್ಮ ಲಾಭಕ್ಕೆ ಸರಿಯಾಗಿ ಬಗ್ಗಿಸಿ ಓದಿದ ಪಾಪವನ್ನು ನಮಗೆ ಕ್ಷಮಿಸು. ಕೇಳುವದಕ್ಕೆ ಬಾಯಿಲ್ಲದವರ ವ್ಯಾಜ್ಯವನ್ನು ನಿನ್ನ ಮುಂದೆ ಇಡುವ ಧೈರ್ಯವನ್ನು ನಮಗೆ ದಯಪಾಲಿಸು. ನಮ್ಮ ಮನೆಗಳಲ್ಲಿ ಪಾಲಾಗುವದು ಸೊತ್ತು ಮಾತ್ರವಾಗಿರಲಿ. ಪ್ರೀತಿಯು ಪಾಲಾಗದೆ ಉಳಿಯಲಿ. ಆಮೆನ್.